ಬಾಲವಾಡಿಯ ಎರಡು ವರ್ಷ, ಬಾಳಿನ ನಲವತ್ತು ವರ್ಷ

ಕಳೆದ ವರ್ಷ ನಮ್ಮ ಸಂಘದ ಕಾರ್ಯಕಾರಿ ಸಮಿತಿಯ ಸಭೆಯಲ್ಲಿ ಒಂದು ಸಣ್ಣ ಪ್ರಸ್ತಾಪ ಬಂದಿತು. ಸಂಘದ ನೆಲಮಹಡಿಯ ಸಭಾಂಗಣ ಬೆಳಗಿನ ಹೊತ್ತು ಬರಿದಾಗಿರುತ್ತದೆ. ಅದರ ಹಿಂಬದಿಯಲ್ಲಿ ಏಳುತ್ತಿರುವ ಬಹುಮಹಡಿ ಕಟ್ಟಡಗಳಲ್ಲಿ ದುಡಿಯಲು ಕಲಬುರಗಿ, ಯಾದಗಿರಿ, ವಿಜಯಪುರ ಜಿಲ್ಲೆಗಳಿಂದ ಗುಳೆ ಬಂದ ಕುಟುಂಬಗಳಿವೆ. ತಂದೆತಾಯಿಗಳಿಬ್ಬರೂ ಕೆಲಸಕ್ಕೆ ಹೋದ ಮೇಲೆ ಮೂರು ನಾಲ್ಕು ವರ್ಷದ ಮಕ್ಕಳು, ತಮಗಿಂತ ಎರಡು ವರ್ಷ ಹಿರಿಯಳಾದ ಅಕ್ಕನ ಸುಪರ್ದಿನಲ್ಲಿ, ಮರಳ ರಾಶಿಯ ಬಳಿ ದಿನ ಕಳೆಯುತ್ತವೆ. ಈ ಮಕ್ಕಳಿಗಾಗಿ ನಾವೊಂದು ಬಾಲವಾಡಿಯನ್ನು ಏಕೆ ನಡೆಸಬಾರದು ಎಂಬುದೇ ಆ ಪ್ರಸ್ತಾಪ.

ಹಿರಿಯ ಸದಸ್ಯರೊಬ್ಬರು ಆಕ್ಷೇಪವೆತ್ತಿದರು. "ಎರಡು ವರ್ಷ ಹಾಡು ಕಥೆ ಹೇಳಿಕೊಟ್ಟರೆ ಕೊನೆಗೆ ಉಳಿಯುವುದೇನು? ಕಟ್ಟಡ ಮುಗಿದೊಡನೆ ಅವರು ಬೇರೆಡೆಗೆ ಹೋಗುತ್ತಾರೆ. ಅದೇ ಹಣವನ್ನು ಹತ್ತನೆಯ ತರಗತಿಯವರ ವಿದ್ಯಾರ್ಥಿವೇತನಕ್ಕೆ ಸೇರಿಸಿದರೆ ಫಲ ಕಣ್ಣಿಗೆ ಕಾಣುತ್ತದೆಯಲ್ಲವೇ?" ಎಂದು ಕೇಳಿದರು. ಪ್ರಶ್ನೆ ನ್ಯಾಯವಾದುದೇ. ಸಾಲದ ಅರ್ಜಿ ಮೇಜಿನ ಮೇಲೆ ಬಂದಾಗಲೆಲ್ಲ ನಾನೂ ಇದನ್ನೇ ಕೇಳುವವನು: ಅವಧಿ ಎಷ್ಟು, ಪ್ರತಿಫಲ ಏನು, ಭದ್ರತೆ ಯಾವುದು? ಸಂಘದ ಕೋಶಾಧಿಕಾರಿಯಾಗಿ ನಾನು ಉತ್ತರ ಹೇಳಬೇಕಾಗಿತ್ತು. ಆದರೆ ನನ್ನಲ್ಲಿ ಉತ್ತರವಿರಲಿಲ್ಲ. ಪ್ರಸ್ತಾಪವನ್ನು ವಾರ್ಷಿಕ ಮಹಾಸಭೆಗೆ ಮುಂದೂಡಲಾಯಿತು.

ನಾನು ವೈದ್ಯನಲ್ಲ, ಶಿಕ್ಷಣತಜ್ಞನೂ ಅಲ್ಲ. ಕೇವಲ ವಾಣಿಜ್ಯ ಪದವೀಧರ. ಆದರೂ ಲೆಕ್ಕಪತ್ರವನ್ನು ಓದಬಲ್ಲೆನೆಂಬ ಧೈರ್ಯದಿಂದ ಈ ವಿಷಯವಾಗಿ ದೊರೆತುದನ್ನೆಲ್ಲ ಓದಿದೆ. ಹಾಗೆ ತಿಳಿದುಕೊಂಡುದನ್ನು ಸ್ಮರಣ ಸಂಚಿಕೆಯ ವಾಚಕರ ಮುಂದಿಡುತ್ತಿದ್ದೇನೆ. ಆರೋಗ್ಯ ವಿಭಾಗದಲ್ಲಿ ಬಾಲವಾಡಿಯ ಮಾತೇಕೆ ಎಂದು ಯಾರಾದರೂ ಕೇಳಿಯಾರು. ಅದಕ್ಕೆ ಉತ್ತರ ಮುಂದೆ ತಾನಾಗಿಯೇ ಬರುತ್ತದೆ.

ಇಪ್ಸಿಲಾಂಟಿಯ ಪ್ರಯೋಗ

ಅಮೆರಿಕದ ಮಿಷಿಗನ್ ರಾಜ್ಯದಲ್ಲಿ ಇಪ್ಸಿಲಾಂಟಿ ಎಂಬ ಸಣ್ಣ ಊರಿದೆ. ಅಲ್ಲಿನ ಬಡ ಕಪ್ಪು ಜನಾಂಗದ ಮಕ್ಕಳು ಶಾಲೆಯಲ್ಲಿ ವರ್ಷವರ್ಷವೂ ಹಿಂದೆ ಬೀಳುತ್ತಿದ್ದರು. ಶಾಲಾ ಇಲಾಖೆಯಲ್ಲಿದ್ದ ಡೇವಿಡ್ ವೈಕಾರ್ಟ್ ಎಂಬ ಮನಶ್ಶಾಸ್ತ್ರಜ್ಞರಿಗೆ ಇದು ಚಿಂತೆಗೆ ಕಾರಣವಾಯಿತು. ಶಾಲೆಗೆ ಸೇರಿದ ಮೇಲೆ ತಿದ್ದುವುದಕ್ಕಿಂತ ಸೇರುವ ಮೊದಲೇ ಸಿದ್ಧಗೊಳಿಸುವುದು ಮೇಲೆಂದು ಅವರಿಗೆ ತೋರಿತು. ಆದರೆ ಮೂರು ನಾಲ್ಕು ವರ್ಷದ ಮಕ್ಕಳು ಶಾಲೆಗೆ ಇನ್ನೂ ಸಿದ್ಧರಿರುವುದಿಲ್ಲ, ಅವರಿಗೆ ಹಾನಿಯೇ ಆದೀತು ಎನ್ನುವ ತಜ್ಞರೂ ಆಗ ಇದ್ದರು. ವಾದದಿಂದ ತೀರದ ಈ ಪ್ರಶ್ನೆಯನ್ನು ವೈಕಾರ್ಟ್ ಪ್ರಯೋಗಕ್ಕೆ ಒಡ್ಡಿದರು.

1962ರಲ್ಲಿ ಪೆರಿ ಪ್ರಾಥಮಿಕ ಶಾಲೆಯಲ್ಲಿ ಆರಂಭವಾದ ಆ ಪ್ರಯೋಗದಲ್ಲಿ ಒಟ್ಟು 123 ಮಕ್ಕಳಿದ್ದರು. ನಾಣ್ಯ ಚಿಮ್ಮುವ ರೀತಿಯಲ್ಲಿ ಅದೃಷ್ಟಕ್ಕೆ ಬಿಟ್ಟು ಅವರನ್ನು ಎರಡು ಗುಂಪು ಮಾಡಲಾಯಿತು. 58 ಮಕ್ಕಳಿಗೆ ಬಾಲಶಾಲೆ. ಉಳಿದ 65 ಮಕ್ಕಳು ಎಂದಿನಂತೆ ಮನೆಯಲ್ಲಿಯೇ. ಬಹುಪಾಲು ಮಕ್ಕಳಿಗೆ ಎರಡು ವರ್ಷಗಳ ಅವಧಿ. ವಾರದಲ್ಲಿ ಐದು ದಿನ, ಬೆಳಿಗ್ಗೆ ಎರಡೂವರೆ ಗಂಟೆ ಮಾತ್ರ. ಐದಾರು ಮಕ್ಕಳಿಗೆ ಒಬ್ಬ ಶಿಕ್ಷಕಿ. ಅಷ್ಟಲ್ಲದೆ ಶಿಕ್ಷಕಿ ವಾರಕ್ಕೊಮ್ಮೆ ಪ್ರತಿ ಮಗುವಿನ ಮನೆಗೆ ಹೋಗಿ, ಸುಮಾರು ಒಂದೂವರೆ ಗಂಟೆ ಕಾಲ ತಾಯಿ ಮತ್ತು ಮಗುವಿನೊಂದಿಗೆ ಕುಳಿತು ಬರುತ್ತಿದ್ದಳು.

ಅಲ್ಲಿ ಕಲಿಸುತ್ತಿದ್ದುದಾದರೂ ಏನು? ಅಕ್ಷರ ತಿದ್ದಿಸುವುದು ಮುಖ್ಯವಾಗಿರಲಿಲ್ಲ. ಇಂದು ಏನು ಆಡುತ್ತೇನೆಂದು ಮಗು ತಾನೇ ಯೋಚಿಸಿ ಹೇಳಬೇಕು, ಹೇಳಿದಂತೆ ಮಾಡಬೇಕು, ಮಾಡಿದ ಮೇಲೆ ಏನಾಯಿತೆಂದು ಎಲ್ಲರೊಡನೆ ಕುಳಿತು ವಿವರಿಸಬೇಕು. ಯೋಜನೆ, ಕಾರ್ಯ, ಪರಾಮರ್ಶೆ ಎಂಬ ಈ ಮೂರು ಹಂತಗಳೇ ಅಲ್ಲಿನ ಪಾಠಕ್ರಮದ ತಿರುಳು.

ಏರಿತು, ಇಳಿಯಿತು, ಮತ್ತೆ ಕಾಣಿಸಿತು

ಮೊದಲ ಫಲಿತಾಂಶ ಎಲ್ಲರನ್ನೂ ಹಿಗ್ಗಿಸಿತು. ಐದನೆಯ ವಯಸ್ಸಿನಲ್ಲಿ ಬುದ್ಧಿಮಾಪನದ ಅಂಕ 90ನ್ನು ಮುಟ್ಟಿದವರು ಬಾಲಶಾಲೆಯ ಗುಂಪಿನಲ್ಲಿ ನೂರಕ್ಕೆ 67, ಇನ್ನೊಂದು ಗುಂಪಿನಲ್ಲಿ 28. ಆದರೆ ಮಕ್ಕಳಿಗೆ ಎಂಟು ವರ್ಷವಾಗುವಷ್ಟರಲ್ಲಿ ಈ ಅಂತರ ಕರಗಿಹೋಯಿತು. ಎರಡು ಗುಂಪುಗಳೂ ಹೆಚ್ಚುಕಡಿಮೆ ಒಂದೇ ಮಟ್ಟದಲ್ಲಿ ನಿಂತವು. ನಮ್ಮ ಹಿರಿಯ ಸದಸ್ಯರು ಅಂದು ಅಲ್ಲಿದ್ದಿದ್ದರೆ, "ನಾನು ಹೇಳಲಿಲ್ಲವೇ?" ಎಂದು ಕಡತವನ್ನು ಮುಚ್ಚುತ್ತಿದ್ದರು. ಆಗ ಲೆಕ್ಕವನ್ನು ಮುಗಿಸಿದ್ದರೆ ಅದು ನಷ್ಟದ ಖಾತೆಯೇ ಸರಿ.

ಸುದೈವದಿಂದ ಸಂಶೋಧಕರು ಕಡತವನ್ನು ಮುಚ್ಚಲಿಲ್ಲ. ಹದಿನಾಲ್ಕನೆಯ ವಯಸ್ಸಿನಲ್ಲಿ ಮತ್ತೆ ಪರೀಕ್ಷಿಸಿದಾಗ ಶಾಲಾ ವಿಷಯಗಳಲ್ಲಿ ಸಾಧಾರಣ ಮಟ್ಟವನ್ನು ತಲುಪಿದವರು ಬಾಲಶಾಲೆಯವರಲ್ಲಿ ನೂರಕ್ಕೆ 49, ಉಳಿದವರಲ್ಲಿ ಕೇವಲ 15. ಮಕ್ಕಳು ಬೆಳೆದು ಗೃಹಸ್ಥರಾದ ಮೇಲೆಯೂ ಅವರನ್ನು ಹುಡುಕಿಕೊಂಡು ಹೋದರು. ನಲವತ್ತನೆಯ ವಯಸ್ಸಿನ ವರದಿ 2005ರಲ್ಲಿ ಪ್ರಕಟವಾಯಿತು. ಪ್ರೌಢಶಾಲೆಯನ್ನು ಮುಗಿಸಿದವರು ನೂರಕ್ಕೆ 77, ಇನ್ನೊಂದು ಗುಂಪಿನಲ್ಲಿ 60. ವರ್ಷಕ್ಕೆ 20 ಸಾವಿರ ಡಾಲರಿಗಿಂತ ಹೆಚ್ಚು ಸಂಪಾದಿಸುತ್ತಿದ್ದವರು ನೂರಕ್ಕೆ 60, ಇನ್ನೊಂದರಲ್ಲಿ 40. ಐದು ಸಲಕ್ಕಿಂತ ಕಡಿಮೆಯಿಲ್ಲದಂತೆ ಪೊಲೀಸರ ಬಂಧನಕ್ಕೊಳಗಾದವರು ನೂರಕ್ಕೆ 36, ಇನ್ನೊಂದರಲ್ಲಿ 55.

ಈ ಅಂಕೆಗಳನ್ನು ಎಚ್ಚರದಿಂದ ಓದಬೇಕು. ಬಾಲಶಾಲೆಗೆ ಹೋದವರೆಲ್ಲರೂ ಉದ್ಧಾರವಾಗಲಿಲ್ಲ; ಮೂವರಲ್ಲಿ ಒಬ್ಬರು ಪದೇಪದೇ ಸೆರೆಯಾದುದುಂಟು. ಬಡತನವನ್ನೂ ವರ್ಣಭೇದವನ್ನೂ ಎರಡು ವರ್ಷದ ಶಾಲೆ ಅಳಿಸಲಾರದು. ಆದರೆ ತಕ್ಕಡಿ ಒಂದು ಕಡೆಗೆ ವಾಲಿತು, ನಲವತ್ತು ವರ್ಷ ವಾಲಿಯೇ ಇತ್ತು ಎಂಬುದು ನಿಸ್ಸಂಶಯ.

ಬಡ್ಡಿಯ ಲೆಕ್ಕ

ಬ್ಯಾಂಕಿನವನಾದ ನನಗೆ ಕುತೂಹಲವಾದುದು ಇದರ ಆದಾಯ. 2000ದ ಅರ್ಥಶಾಸ್ತ್ರದ ನೊಬೆಲ್ ಪಾರಿತೋಷಕವನ್ನು ಹಂಚಿಕೊಂಡ ಜೇಮ್ಸ್ ಹೆಕ್ಮನ್ ತಮ್ಮ ಸಹೋದ್ಯೋಗಿಗಳೊಂದಿಗೆ 2010ರಲ್ಲಿ ಈ ಲೆಕ್ಕವನ್ನು ಪರಿಷ್ಕರಿಸಿದರು. ಹಳೆಯ ಅಂದಾಜುಗಳಲ್ಲಿದ್ದ ಅತ್ಯುತ್ಸಾಹವನ್ನು ಕಳೆದು ನೋಡಿದ ಮೇಲೂ ಸಮಾಜಕ್ಕೆ ದೊರೆತ ಪ್ರತಿಫಲ ವರ್ಷಕ್ಕೆ ಶೇಕಡಾ 7ರಿಂದ 10. ಹೆಚ್ಚಿನ ವರಮಾನ, ಅದರ ಮೇಲಿನ ತೆರಿಗೆ, ಉಳಿದ ಪರಿಹಾರಧನ, ಇವುಗಳ ಜೊತೆಗೆ ನಡೆಯದೇ ಹೋದ ಅಪರಾಧಗಳಿಂದ ಉಳಿದ ವೆಚ್ಚವೂ ಇದರಲ್ಲಿ ಸೇರಿದೆ.

ಶೇಕಡಾ 7 ಎಂದರೆ ಅಷ್ಟೇನು ದೊಡ್ಡದಲ್ಲವೆಂದು ತೋರಬಹುದು. ಆದರೆ ಚಕ್ರಬಡ್ಡಿಯ ಗುಣ ನಮಗೆಲ್ಲ ತಿಳಿದೇ ಇದೆ. ಶೇಕಡಾ 7ರ ದರದಲ್ಲಿ ಹಣ ಸುಮಾರು ಹತ್ತು ವರ್ಷಕ್ಕೆ ಇಮ್ಮಡಿ, ನಲವತ್ತು ವರ್ಷಕ್ಕೆ ಹದಿನೈದು ಪಟ್ಟು. ಮುದ್ದತು ಠೇವಣಿಯನ್ನು ಮೂರನೆಯ ವರ್ಷದಲ್ಲಿ ಮುರಿದು, "ಇದರಲ್ಲಿ ಏನೂ ಬೆಳೆದಿಲ್ಲ" ಎನ್ನುವ ಗ್ರಾಹಕನನ್ನು ನಾವು ಕಂಡಿದ್ದೇವೆ. ಮಗುವಿನ ಎಂಟನೆಯ ವಯಸ್ಸಿನ ಅಂಕಪಟ್ಟಿಯನ್ನು ನೋಡಿ ಬಾಲವಾಡಿಯ ಬೆಲೆ ಕಟ್ಟುವುದೂ ಅಂಥದೇ.

ಮತ್ತೊಂದು ಅಂಶವನ್ನೂ ಮುಚ್ಚಿಡಬಾರದು. ಅದು ಅಗ್ಗದ ಶಾಲೆಯಾಗಿರಲಿಲ್ಲ. 2000ದ ಬೆಲೆಗಳಲ್ಲಿ ಲೆಕ್ಕ ಹಾಕಿದರೆ ಮಗುವೊಂದಕ್ಕೆ ಒಟ್ಟು ಸುಮಾರು 15 ಸಾವಿರ ಡಾಲರ್ ವೆಚ್ಚವಾಗಿತ್ತು.

ರಕ್ತದೊತ್ತಡಕ್ಕೂ ಬಾಲಶಾಲೆಗೂ ಏನು ಸಂಬಂಧ?

ಆರೋಗ್ಯ ವಿಭಾಗದ ಮಾತಿಗೆ ಈಗ ಬರೋಣ. 1972ರಲ್ಲಿ ಅಮೆರಿಕದ ನಾರ್ತ್ ಕೆರೊಲೈನಾ ರಾಜ್ಯದ ಚಾಪೆಲ್ ಹಿಲ್‌ನಲ್ಲಿ ಅಬೆಸಿಡೇರಿಯನ್ ಎಂಬ ಇನ್ನೊಂದು ಪ್ರಯೋಗ ಆರಂಭವಾಯಿತು. ಇಲ್ಲಿ 111 ಬಡ ಮಕ್ಕಳನ್ನು ಎಳೆಯ ಕೂಸುಗಳಾಗಿರುವಾಗಲೇ ಎರಡು ಗುಂಪು ಮಾಡಿ, ಒಂದು ಗುಂಪಿಗೆ ಐದು ವರ್ಷ ತುಂಬುವವರೆಗೆ ಹಗಲೆಲ್ಲ ಪೋಷಣೆ, ಮಾತು, ಆಟ, ಪೌಷ್ಟಿಕ ಆಹಾರ, ಆರೋಗ್ಯ ತಪಾಸಣೆಗಳನ್ನು ಒದಗಿಸಿದರು. ಮೂವತ್ತನೆಯ ವಯಸ್ಸಿನಲ್ಲಿ ನೋಡಿದಾಗ ಈ ಗುಂಪಿನವರಲ್ಲಿ ನೂರಕ್ಕೆ 23 ಮಂದಿ ಕಾಲೇಜು ಪದವಿ ಪಡೆದಿದ್ದರು. ಇನ್ನೊಂದು ಗುಂಪಿನಲ್ಲಿ 6.

2014ರಲ್ಲಿ 'ಸೈನ್ಸ್' ಪತ್ರಿಕೆಯಲ್ಲಿ ಪ್ರಕಟವಾದ ವರದಿ ವೈದ್ಯರನ್ನೂ ಬೆರಗುಗೊಳಿಸುವಂಥದು. ಮೂವತ್ತೈದರ ಆಸುಪಾಸಿನಲ್ಲಿದ್ದ ಅದೇ ಮಂದಿಯನ್ನು ದೈಹಿಕ ತಪಾಸಣೆಗೊಳಪಡಿಸಿದಾಗ, ಬಾಲ್ಯದಲ್ಲಿ ಈ ಪೋಷಣೆ ಪಡೆದ ಗಂಡಸರ ಮೇಲಿನ ರಕ್ತದೊತ್ತಡ ಸರಾಸರಿ 126, ಪಡೆಯದವರದು 143. ಬೊಜ್ಜು, ಅಧಿಕ ರಕ್ತದೊತ್ತಡ, ರಕ್ತದ ಸಕ್ಕರೆ ಹಾಗೂ ಕೊಬ್ಬಿನ ಏರುಪೇರು ಒಟ್ಟಿಗೆ ಸೇರಿ ಹೃದ್ರೋಗಕ್ಕೂ ಮಧುಮೇಹಕ್ಕೂ ದಾರಿ ಮಾಡುವ ಸ್ಥಿತಿ ಎರಡನೆಯ ಗುಂಪಿನ ಗಂಡಸರಲ್ಲಿ ನಾಲ್ವರಲ್ಲೊಬ್ಬರಿಗಿತ್ತು. ಮೊದಲ ಗುಂಪಿನ ಗಂಡಸರಲ್ಲಿ ಒಬ್ಬರಿಗೂ ಇರಲಿಲ್ಲ. ಪರೀಕ್ಷಿಸಿದವರ ಸಂಖ್ಯೆ ಚಿಕ್ಕದು ನಿಜ. ಆಹಾರದ ಪಾಲೆಷ್ಟು, ಶಿಕ್ಷಣದ ಪಾಲೆಷ್ಟು ಎಂದು ಬಿಡಿಸಿ ಹೇಳುವುದೂ ಕಷ್ಟ. ಆದರೂ ನಲವತ್ತು ದಾಟಿದೊಡನೆ ಮಾತ್ರೆಯ ಡಬ್ಬಿಯನ್ನು ಜೇಬಿನಲ್ಲಿಟ್ಟುಕೊಳ್ಳುವ ನಮ್ಮಂಥವರು ಆಲೋಚಿಸಬೇಕಾದ ವಿಷಯವಿದು.

ಹಳೆಯ ಡಬ್ಬಿಯ ಆಟಿಕೆ

ಇಷ್ಟೆಲ್ಲ ವೆಚ್ಚವನ್ನು ಶ್ರೀಮಂತ ದೇಶ ಮಾತ್ರ ಮಾಡೀತು ಎನ್ನಬಹುದು. ಹಾಗಾದರೆ ಜಮೈಕಾದ ಕಿಂಗ್‌ಸ್ಟನ್ ನಗರಕ್ಕೆ ಬರೋಣ. 1986–87ರಲ್ಲಿ ಅಲ್ಲಿನ ಬಡ ಬಡಾವಣೆಗಳಲ್ಲಿ, ವಯಸ್ಸಿಗೆ ತಕ್ಕ ಎತ್ತರವಿಲ್ಲದೆ ಕುಂಠಿತರಾಗಿದ್ದ 129 ಶಿಶುಗಳನ್ನು ಸ್ಯಾಲಿ ಗ್ರಾಂಥಮ್-ಮೆಕ್‌ಗ್ರೆಗರ್ ಎಂಬ ವೈದ್ಯೆ ಮತ್ತು ಅವರ ಸಂಗಡಿಗರು ಆರಿಸಿಕೊಂಡರು. ಕೆಲವರಿಗೆ ಹಾಲಿನ ಪುಡಿ, ಕೆಲವರಿಗೆ ಆಟದ ಮೂಲಕ ಕಲಿಕೆ, ಕೆಲವರಿಗೆ ಎರಡೂ, ಇನ್ನು ಕೆಲವರಿಗೆ ಎರಡೂ ಇಲ್ಲ. ಕಲಿಕೆಗಾಗಿ ಕಟ್ಟಡವೂ ಇರಲಿಲ್ಲ, ಪದವೀಧರ ಶಿಕ್ಷಕರೂ ಇರಲಿಲ್ಲ. ಆರೋಗ್ಯ ಕಾರ್ಯಕರ್ತೆ ವಾರಕ್ಕೊಮ್ಮೆ ಒಂದು ಗಂಟೆ ಮನೆಗೆ ಹೋಗಿ, ಪ್ಲಾಸ್ಟಿಕ್ ಶೀಸೆ, ರಟ್ಟಿನ ಚೂರುಗಳಿಂದ ಮಾಡಿದ ಆಟಿಕೆಗಳಿಂದ ಮಗುವಿನೊಡನೆ ಹೇಗೆ ಆಡಬೇಕು, ಹೇಗೆ ಮಾತನಾಡಬೇಕು ಎಂಬುದನ್ನು ತಾಯಿಗೆ ತೋರಿಸಿಕೊಡುತ್ತಿದ್ದಳು. ಇದು ಎರಡು ವರ್ಷ ನಡೆಯಿತು.

ಇಪ್ಪತ್ತು ವರ್ಷಗಳ ಬಳಿಕ ನೋಡಿದರೆ, ಹೀಗೆ ಆಡಿ ಕಲಿತ ಮಕ್ಕಳ ಸಂಪಾದನೆ ಉಳಿದವರಿಗಿಂತ ನೂರಕ್ಕೆ 25ರಷ್ಟು ಹೆಚ್ಚಾಗಿತ್ತು. ಕೇವಲ ಹಾಲಿನ ಪುಡಿ ಪಡೆದವರಲ್ಲಿ ಇಂಥ ಲಾಭ ಉಳಿದಿರಲಿಲ್ಲ. ಹೊಟ್ಟೆ ತುಂಬುವುದು ಅವಶ್ಯ; ಆದರೆ ಮಗುವಿನೊಡನೆ ಒಬ್ಬರು ಕುಳಿತು ಮಾತನಾಡುವುದೂ ಅಷ್ಟೇ ಅವಶ್ಯವೆಂದಾಯಿತು.

ಎಲ್ಲ ಬಾಲಶಾಲೆಯೂ ಒಂದೇ ಅಲ್ಲ

ಜಮೆಯ ಬದಿಯನ್ನು ಮಾತ್ರ ಓದಿ ಖರ್ಚಿನ ಬದಿಯನ್ನು ಬಿಡುವುದು ಪ್ರಾಮಾಣಿಕತೆಯಲ್ಲ. 1965ರಲ್ಲಿ ಅಧ್ಯಕ್ಷ ಲಿಂಡನ್ ಜಾನ್ಸನ್ ಅವರ ಕಾಲದಲ್ಲಿ ಅಮೆರಿಕದಾದ್ಯಂತ 'ಹೆಡ್ ಸ್ಟಾರ್ಟ್' ಎಂಬ ಬೃಹತ್ ಯೋಜನೆ ಆರಂಭವಾಯಿತು. 2002ರಿಂದ ಸುಮಾರು 4,700 ಮಕ್ಕಳನ್ನು ಅನುಸರಿಸಿದ ಸರಕಾರಿ ಅಧ್ಯಯನದ ಪ್ರಕಾರ ಆರಂಭದ ಲಾಭ ಮೂರನೆಯ ತರಗತಿಯ ಹೊತ್ತಿಗೆ ಬಹುತೇಕ ಮಾಯವಾಗಿತ್ತು. ಟೆನಿಸೀ ರಾಜ್ಯದ ಸರಕಾರಿ ಬಾಲಶಾಲೆಗಳ ಬಗೆಗಿನ 2022ರ ವರದಿ ಇನ್ನೂ ಕಹಿ: ಆರನೆಯ ತರಗತಿಗೆ ಬಂದಾಗ ಬಾಲಶಾಲೆಗೆ ಹೋದ ಮಕ್ಕಳೇ ಪರೀಕ್ಷೆಯಲ್ಲಿಯೂ ಶಿಸ್ತಿನಲ್ಲಿಯೂ ಹಿಂದೆ ಬಿದ್ದಿದ್ದರು. ಬಾಸ್ಟನ್ ನಗರದಲ್ಲಾದರೋ, 1997ರಿಂದ 2003ರವರೆಗೆ ಚೀಟಿ ಎತ್ತಿ ಪ್ರವೇಶ ಕೊಟ್ಟ ಮಕ್ಕಳಲ್ಲಿ ಪರೀಕ್ಷೆಯ ಅಂಕಗಳು ಹೆಚ್ಚಲಿಲ್ಲ. ಆದರೆ ಮುಂದೆ ಕಾಲೇಜು ಸೇರಿದವರ ಪ್ರಮಾಣ ನೂರಕ್ಕೆ ಎಂಟರಷ್ಟು ಮೇಲೇರಿತು.

ಇವೆಲ್ಲವನ್ನೂ ಒಟ್ಟಿಗಿಟ್ಟು ನೋಡಿದರೆ ಎರಡು ಸಂಗತಿಗಳು ಸ್ಪಷ್ಟವಾಗುತ್ತವೆ. ಮೊದಲನೆಯದು, 'ಬಾಲಶಾಲೆ' ಎಂಬ ಫಲಕ ತೂಗುಹಾಕಿದ ಮಾತ್ರಕ್ಕೆ ಫಲ ಬಾರದು. ಕಡಿಮೆ ಮಕ್ಕಳು, ಒಲವುಳ್ಳ ಶಿಕ್ಷಕಿ, ಆಟ, ಮನೆಯೊಡನೆ ಸಂಪರ್ಕ ಇವು ಇದ್ದಲ್ಲಿ ಫಲ ಉಳಿದಿದೆ. ಎರಡನೆಯದು, ಉಳಿಯುವ ಫಲ ಅಂಕಪಟ್ಟಿಯಲ್ಲಿ ಕಾಣುವಂಥದಲ್ಲ. ಪೆರಿ ಶಾಲೆಯ ಲಾಭ ಬಂದುದು ಬುದ್ಧಿಮಾಪನದ ಅಂಕದಿಂದಲ್ಲ, ಬಹುಮಟ್ಟಿಗೆ ಮಕ್ಕಳ ನಡತೆಯಲ್ಲಾದ ಬದಲಾವಣೆಯಿಂದ ಎಂದು ಹೆಕ್ಮನ್ ಮತ್ತು ಸಂಗಡಿಗರು 2013ರಲ್ಲಿ ತೋರಿಸಿಕೊಟ್ಟರು. ಸರದಿಗಾಗಿ ಕಾಯುವುದು, ಕೋಪವನ್ನು ನುಂಗುವುದು, ಹಿಡಿದ ಕೆಲಸವನ್ನು ಮುಗಿಸುವುದು, ತಿಳಿಯದಿದ್ದಾಗ ದೊಡ್ಡವರನ್ನು ಕೇಳುವುದು — ಇವುಗಳಿಗೆ ಯಾವ ಪರೀಕ್ಷೆಯೂ ಅಂಕ ಕೊಡುವುದಿಲ್ಲ. ಆದರೆ ಬಾಳು ಕೊಡುತ್ತದೆ.

ನಮ್ಮ ನೆಲದಲ್ಲಿ

ಇದನ್ನು ಕಲಿಯಲು ನಾವು ಸಮುದ್ರ ದಾಟಬೇಕಾಗಿಯೇ ಇರಲಿಲ್ಲ. 1920ರಲ್ಲಿಯೇ ಗಿಜುಭಾಯಿ ಬಧೇಕಾ ಅವರು ಭಾವನಗರದಲ್ಲಿ ಬಾಲಮಂದಿರವನ್ನು ತೆರೆದಿದ್ದರು. ಅವರೊಂದಿಗೆ ದುಡಿದ ತಾರಾಬಾಯಿ ಮೋಡಕ್ 1945ರಲ್ಲಿ ಅನುತಾಯಿ ವಾಘ್ ಅವರ ನೆರವಿನಿಂದ ಮುಂಬಯಿಗೆ ಉತ್ತರದ ಬೋರ್ಡಿಯಲ್ಲಿ ಬಾಲವಾಡಿಯನ್ನು ಆರಂಭಿಸಿದರು. ಮುಂದೆ ಕೋಸಬಾಡ ಗುಡ್ಡದ ಆದಿವಾಸಿ ಮಕ್ಕಳ ನಡುವೆ ಆ ಕಾರ್ಯ ಬೆಳೆಯಿತು. ಮಗು ಶಾಲೆಗೆ ಬಾರದಿದ್ದರೆ ಶಾಲೆಯೇ ಮಗುವಿನ ಅಂಗಳಕ್ಕೆ ಹೋಗಲಿ ಎಂಬ ಅವರ ವಿಚಾರದಿಂದಲೇ 'ಅಂಗನವಾಡಿ' ಎಂಬ ಮಾತು ಹುಟ್ಟಿತು. 1975ರ ಅಕ್ಟೋಬರ್ 2ರಂದು ಕೇಂದ್ರ ಸರಕಾರ 33 ಕಡೆಗಳಲ್ಲಿ ಸಮಗ್ರ ಶಿಶು ಅಭಿವೃದ್ಧಿ ಯೋಜನೆಯನ್ನು ಆರಂಭಿಸಿದಾಗ ಕರ್ನಾಟಕದ ಪಾಲಿಗೆ ಬಂದುದು ಮೈಸೂರು ಜಿಲ್ಲೆಯ ತಿರುಮಕೂಡಲು ನರಸೀಪುರ. ಇಂದು ದೇಶದಲ್ಲಿ ಸುಮಾರು 14 ಲಕ್ಷ ಅಂಗನವಾಡಿಗಳಿವೆ.

ಆದರೆ ಒಬ್ಬಳೇ ಕಾರ್ಯಕರ್ತೆ ಅಡುಗೆಯ ಉಸ್ತುವಾರಿ, ತೂಕ, ಲಸಿಕೆಯ ಪಟ್ಟಿ, ದಾಖಲೆ ಎಲ್ಲವನ್ನೂ ನೋಡಿಕೊಂಡು ಪಾಠಕ್ಕೆ ಹೊತ್ತೆಲ್ಲಿ ತಂದಾಳು? ತಮಿಳುನಾಡಿನಲ್ಲಿ 320 ಅಂಗನವಾಡಿಗಳನ್ನು ಆರಿಸಿ, ಅವುಗಳಲ್ಲಿ ಅರ್ಧಕ್ಕೆ ಪಾಠಕ್ಕಾಗಿಯೇ ಅರೆಕಾಲಿಕ ಕಾರ್ಯಕರ್ತೆಯೊಬ್ಬಳನ್ನು ಹೆಚ್ಚಿಗೆ ಕೊಟ್ಟು ನೋಡಿದರು. ಪಾಠದ ಅವಧಿ ಇಮ್ಮಡಿಯಾಯಿತು. ಒಂದೂವರೆ ವರ್ಷದಲ್ಲಿ ಮಕ್ಕಳ ಕಲಿಕೆ ಸುಧಾರಿಸಿತು. ಅಷ್ಟೇ ಅಲ್ಲ, ಹಳೆಯ ಕಾರ್ಯಕರ್ತೆಗೆ ಪೋಷಣೆಯತ್ತ ಗಮನ ಕೊಡಲು ಬಿಡುವು ದೊರೆತು ಕುಂಠಿತ ಬೆಳವಣಿಗೆಯೂ ಕಡಿಮೆಯಾಯಿತು.

ನಮ್ಮ ಮನೆಗಳ ಮಾತು

ಇಲ್ಲಿ ನನ್ನದೊಂದು ತಪ್ಪೊಪ್ಪಿಗೆಯುಂಟು. ನನ್ನ ಮಗಳಿಗೆ ಮೂರೂವರೆ ವರ್ಷವಾಗಿದ್ದಾಗ ಹೆಸರುವಾಸಿಯಾದ ಶಾಲೆಯೊಂದಕ್ಕೆ ಸೇರಿಸಿದೆವು. ಪ್ರತಿ ಸಂಜೆ ಎರಡು ಪುಟ ಇಂಗ್ಲಿಷ್ ಅಕ್ಷರ ಬರೆಯಬೇಕು. ಪೆನ್ಸಿಲ್ ಹಿಡಿಯಲಾಗದೆ ಅವಳು ಅಳುತ್ತಿದ್ದಳು, ನಾನು ಗದರುತ್ತಿದ್ದೆ. ಒಂದು ದಿನ ನನ್ನ ಪತ್ನಿ ಆ ಪುಸ್ತಕವನ್ನು ಮುಚ್ಚಿಟ್ಟು, "ಇವಳು ಓದುವುದು ಇನ್ನೂ ಇಪ್ಪತ್ತು ವರ್ಷವಿದೆ, ಓದಿನ ಮೇಲೆ ಈಗಲೇ ಬೇಸರ ಬಂದರೆ ಮುಂದೆ ಏನು ಮಾಡುತ್ತೀರಿ?" ಎಂದಳು. ಮರುವರ್ಷ ಮಗಳು ಮರಾಠಿ ಶಿಕ್ಷಕಿಯೊಬ್ಬರ ಸಾಧಾರಣ ಬಾಲವಾಡಿಗೆ ಹೋದಳು, ಮಣ್ಣಿನಲ್ಲಿ ಆಡಿದಳು. ಅಂದು ನನ್ನ ಹೆಂಡತಿ ಯಾವ ಸಂಶೋಧನೆಯನ್ನೂ ಓದಿರಲಿಲ್ಲ. ನಾನು ಇಷ್ಟೆಲ್ಲ ಓದಿ ಅವಳು ನಿಂತಿದ್ದ ಜಾಗಕ್ಕೇ ಬಂದು ತಲುಪಿದ್ದೇನೆ.

ಹೊರನಾಡಿನ ನಮ್ಮ ಮನೆಗಳಲ್ಲಿ ಮಗು ಮೂರು ಭಾಷೆಗಳ ನಡುವೆ ಬೆಳೆಯುತ್ತದೆ. 2020ರ ರಾಷ್ಟ್ರೀಯ ಶಿಕ್ಷಣ ನೀತಿ ಮೂರರಿಂದ ಎಂಟು ವರ್ಷದವರೆಗಿನ ಅವಧಿಯನ್ನು ಬುನಾದಿಯ ಹಂತವೆಂದು ಕರೆದು, ಸಾಧ್ಯವಾದೆಡೆ ಮನೆಮಾತಿನಲ್ಲಿಯೇ ಕಲಿಸಬೇಕೆಂದಿದೆ. ಅಜ್ಜಿ ಹೇಳುವ ಕಥೆ, ಅವರೆಕಾಯಿ ಸುಲಿಯುತ್ತಾ ಎಣಿಸುವ ಕಾಳು, "ಆಮೇಲೆ ಏನಾಯಿತು?" ಎಂಬ ಪ್ರಶ್ನೆ, ಇವು ಖರ್ಚಿಲ್ಲದ ಪಾಠಗಳು.

ಹಿರಿಯರಿಗೆ ನನ್ನ ಉತ್ತರ

ವಿದ್ಯಾರ್ಥಿವೇತನ ನಿಲ್ಲಬಾರದು. ಆದರೆ ಹತ್ತನೆಯ ತರಗತಿಯವರೆಗೆ ಬಂದು ತಲುಪಿದವರಿಗೆ ಮಾತ್ರ ಅದು ದೊರೆಯುತ್ತದೆ. ಮರಳ ರಾಶಿಯ ಮೇಲಿನ ಮಗು ಅಲ್ಲಿಗೆ ತಲುಪುವುದೇ ಸಂದೇಹ.

ಬಾಲವಾಡಿಯನ್ನು ತೆರೆಯುವುದಾದರೆ ನೆಟ್ಟಗೆ ತೆರೆಯೋಣ. ಇಲ್ಲವಾದರೆ ತೆರೆಯುವುದೇ ಬೇಡ. ಅರವತ್ತು ಮಕ್ಕಳನ್ನು ತುಂಬಿ ಛಾಯಾಚಿತ್ರ ತೆಗೆಸುವ ಬದಲು ಇಪ್ಪತ್ತೇ ಮಕ್ಕಳಿರಲಿ. ತರಬೇತಿ ಪಡೆದ ಇಬ್ಬರು ಶಿಕ್ಷಕಿಯರಿಗೆ ಮರ್ಯಾದೆಯ ಸಂಬಳವಿರಲಿ. ಬಿಡುವಿರುವ ನಮ್ಮ ಸದಸ್ಯೆಯರು ಸರದಿಯಂತೆ ಜೊತೆಗೂಡಲಿ. ಊಟವೂ ಆರೋಗ್ಯ ತಪಾಸಣೆಯೂ ಸೇರಿರಲಿ. ವಾರಕ್ಕೊಮ್ಮೆ ತಾಯಂದಿರ ಗುಡಿಸಲಿಗೆ ಹೋಗಿ ಕನ್ನಡದಲ್ಲಿ ಮಾತನಾಡುವುದು ಕಡ್ಡಾಯವಿರಲಿ.

ಕಟ್ಟಡ ಮುಗಿದರೆ ಅವರು ಹೊರಟುಹೋಗುತ್ತಾರೆ ಎಂಬ ಮಾತಿಗೆ ಪೂರ್ಣ ಉತ್ತರ ನನ್ನಲ್ಲಿಲ್ಲ. ಆರು ತಿಂಗಳು ಎರಡು ವರ್ಷಕ್ಕೆ ಸಮವಾಗಲಾರದು. ಆದರೆ ಕಿಂಗ್‌ಸ್ಟನ್ನಿನ ತಾಯಂದಿರು ಒಂದು ದಾರಿ ತೋರಿಸಿದ್ದಾರೆ. ಮಗು ಹೋದರೆ ತಾಯಿಯೂ ಮಗುವಿನ ಜೊತೆಗೇ ಹೋಗುತ್ತಾಳೆ. ಅವಳಿಗೆ ಕಲಿಸಿದುದು ಶಹಾಪುರಕ್ಕೂ ಸಿಂದಗಿಗೂ ಅವಳೊಡನೆಯೇ ಪ್ರಯಾಣ ಮಾಡುತ್ತದೆ. ಹೋಗುವಾಗ ಊರಿನ ಅಂಗನವಾಡಿಗೆ ಒಂದು ಚೀಟಿ ಬರೆದುಕೊಡುವುದು ನಮಗೆ ಭಾರವಾಗದು.

ಮಹಾಸಭೆಯಲ್ಲಿ ನನ್ನ ಮತ ಈ ಷರತ್ತುಗಳೊಂದಿಗೆ ಪ್ರಸ್ತಾಪದ ಪರವಾಗಿರುತ್ತದೆ. ಒಂದು ವಿಷಯವನ್ನು ಸದಸ್ಯರು ಮೊದಲೇ ತಿಳಿದಿರಬೇಕು: ಈ ಖಾತೆಯ ಲಾಭ ಮುಂದಿನ ವರ್ಷದ ಜಮಾಖರ್ಚಿನ ಪಟ್ಟಿಯಲ್ಲಿ ಕಾಣಿಸುವುದಿಲ್ಲ. ಅದು ಪಕ್ವವಾಗುವ ಹೊತ್ತಿಗೆ ನಮ್ಮ ಹಿರಿಯ ಸದಸ್ಯರೂ ನಾನೂ ಲೆಕ್ಕ ನೋಡಲು ಇರಲಾರೆವು. ಮಾವಿನ ಸಸಿಯನ್ನು ನೆಟ್ಟ ನಮ್ಮ ಅಜ್ಜಂದಿರು ಆ ಲೆಕ್ಕವನ್ನು ಕೇಳಿರಲಿಲ್ಲ.